ಪ್ರಜ್ಞೆಯ ಚಿತ್ರ ತೆಗೆಯಹೊರಟ ಸ್ಟ್ಯಾನಿ

ಶಂಕರಪುರದ ಸ್ಟ್ಯಾನಿಸ್ಲಾಸ್ ಮಥಾಯಸ್ ಮಣಿಪಾಲದಲ್ಲಿ ವೈದ್ಯ ವಿದ್ಯಾರ್ಥಿಗಳ ಪಾಠಕ್ಕೆ ಬೇಕಾದ ಫೋಟೊ ತೆಗೆಯುವ ಕೆಲಸಕ್ಕೆ ಸೇರಿದ್ದು ೧೯೭೧ರಲ್ಲಿ. ಗಡ್ಡೆ, ಹುಣ್ಣು, ಮುರಿದ ಎಲುಬು, ಎಕ್ಸ್‌ರೇ ಹಾಳೆ, ದಿನವೂ ಇವುಗಳದ್ದೇ ಫೋಟೊ. ಮನೆಯಲ್ಲಿ ಮಲ್ಲಿಗೆ ಕಟ್ಟುತ್ತಿದ್ದ ತಾಯಿ ಅವನ ಅಂಗಿಯನ್ನು ಮೂಸಿ, "ನಿನ್ನ ಮೈಯೆಲ್ಲ ಔಷಧದ ವಾಸನೆ" ಎಂದು ದೂರ ಕೂರಿಸುತ್ತಿದ್ದರು. ಮರುವರ್ಷ ಹದಿನಾರು ಮಿಲಿಮೀಟರಿನ ಹಳೆಯ ಮೂವಿ ಕ್ಯಾಮರಾ ಒಂದು ಬಂತು. ಆಪರೇಷನ್‌ಗಳನ್ನು ಚಿತ್ರೀಕರಿಸುವವರು ಯಾರೂ ಇರಲಿಲ್ಲ. ಸ್ಟ್ಯಾನಿ ತಾನೇ ಓದಿ, ಒಂದಿಷ್ಟು ರೀಲು ಹಾಳು ಮಾಡಿ ಕಲಿತುಕೊಂಡ.

ಅವನು ಚಿತ್ರೀಕರಿಸಿದ ಮೊದಲ ರೋಗಿಗಳಲ್ಲಿ ಕಾಪುವಿನ ಮೀನುಗಾರ ಅಣ್ಣು ಒಬ್ಬ. ಹರ್ನಿಯಾ ಆಪರೇಷನ್. ಎಲ್ಲ ಮುಗಿದ ಮೇಲೆ ಅಣ್ಣುವನ್ನು ಹೊರಗೆ ತಂದು ಮಲಗಿಸಿದ್ದರು. ಸ್ಟ್ಯಾನಿ ಅಲ್ಲೇ ಪಕ್ಕದಲ್ಲಿ ದೀಪದ ವಯರ್ ಸುತ್ತುತ್ತಿದ್ದ. ಅಣ್ಣು ಕಣ್ಣು ಬಿಟ್ಟು ಅವನನ್ನು ನೋಡಿದ.

"ಎಂತ ಮಾರಾಯ್ರೆ, ಇನ್ನೂ ಶುರು ಆಗ್ಲಿಲ್ವಾ?"

"ಮುಗಿದು ಆಯ್ತು."

"ಸುಳ್ಳು ಹೇಳ್ಬೇಡಿ. ಈಗ ಅಲ್ವಾ ನನ್ನನ್ನು ಒಳಗೆ ತಂದದ್ದು?"

ಅಣ್ಣು ಹೊಟ್ಟೆ ಮುಟ್ಟಿ ನೋಡಿಕೊಂಡ. ಬ್ಯಾಂಡೇಜು ಕೈಗೆ ಸಿಕ್ಕಿದ ಕೂಡಲೇ ಅವನ ಮುಖದಲ್ಲಿ ಕಾಣಿಸಿದ್ದು ನೋವಲ್ಲ, ಭಯ. ಕಡಲಿನಲ್ಲಿ ದೋಣಿ ಮಗುಚಿದಾಗಲೂ ಹೆದರದ ಮನುಷ್ಯ ಅವನು. ಸ್ಟ್ಯಾನಿಗೆ ಆ ಮುಖ ಮರೆಯಲಾಗಲಿಲ್ಲ. ಅಣ್ಣುವಿನ ಬದುಕಿನ ಅಷ್ಟು ಹೊತ್ತು ತನ್ನ ಕ್ಯಾಮರಾದೊಳಗೆ ಉಂಟು, ಅಣ್ಣುವಿನೊಳಗೆ ಇಲ್ಲ. ಹಾಗಾದರೆ ಅಷ್ಟು ಹೊತ್ತು ಅಣ್ಣು ಎಲ್ಲಿದ್ದ?

ಗಾಯ ಮಾಸಿದ ಮೇಲೆ ಸ್ಟ್ಯಾನಿ ಕ್ಯಾಮರಾವನ್ನೂ ಒಂದು ಟೇಪ್ ರೆಕಾರ್ಡರನ್ನೂ ಹಿಡಿದು ಕಾಪುವಿಗೆ ಹೋದ. ದೀಪಸ್ತಂಭದ ಈಚೆ, ಮರಳಿನ ಮೇಲೆ ಕೂತು ಬಲೆ ಸರಿಮಾಡುತ್ತಿದ್ದ ಅಣ್ಣುವನ್ನು ಆ ಹೊತ್ತಿನ ಬಗ್ಗೆ ಕೇಳಿದ.

"ಕತ್ತಲೆ ಇತ್ತಾ?"

"ಕತ್ತಲೆ ಅಂತ ಹೇಳಿದರೆ ಅದನ್ನು ನೋಡ್ಲಿಕ್ಕೆ ನಾನು ಇರಬೇಕಲ್ಲ? ನಾನೇ ಇರ್ಲಿಲ್ಲ." ಅಣ್ಣು ಸ್ವಲ್ಪ ಹೊತ್ತು ದಾರ ಎಳೆದ. "ಒಂದು ಮಾತು ಹೇಳ್ತೇನೆ. ಆ ಆಪರೇಷನ್ ಆದ ಮೇಲೆ ನನಗೆ ನಿದ್ರೆ ಮಾಡ್ಲಿಕ್ಕೆ ಹೆದರಿಕೆ ಆಗ್ತದೆ."

ಆಪರೇಷನ್ನಿನ ಮೌನ ಚಿತ್ರವನ್ನೂ ಅಣ್ಣುವಿನ ಮಾತನ್ನೂ ಸೇರಿಸಿ ಸ್ಟ್ಯಾನಿ ಒಂದು ಸಣ್ಣ ಸಾಕ್ಷ್ಯಚಿತ್ರ ಮಾಡಿದ. ಮೆದುಳಿನ ಕಾಯಿಲೆಗಳ ಡಾಕ್ಟರ್ ವಿಷ್ಣುಮೂರ್ತಿ ಅದನ್ನು ನೋಡಿ ಬಹಳ ಮೆಚ್ಚಿದರು. ಅವರ ಒತ್ತಾಯದ ಮೇಲೆ ದೆಹಲಿಯ ಒಂದು ಸಮ್ಮೇಳನಕ್ಕೆ ಕಳುಹಿಸಿದಾಗ ಅಲ್ಲಿಯೂ ತೋರಿಸಿದರು, ಪ್ರಶಸ್ತಿಪತ್ರ ಬಂತು. ಅವನ ಜೀವನದಲ್ಲಿ ಬಂದ ಪ್ರಶಸ್ತಿ ಅದೊಂದೇ. ಆ ದಿನದಿಂದ ಅವನು ತನ್ನನ್ನು ಫೋಟೊಗ್ರಾಫರ್ ಎಂದು ಹೇಳಿಕೊಳ್ಳುವುದನ್ನು ಬಿಟ್ಟ. ಮನುಷ್ಯನ ಪ್ರಜ್ಞೆಯ ಬಗ್ಗೆ ಚಿತ್ರ ಮಾಡುವವನು ಎನ್ನುತ್ತಿದ್ದ. ಕೇಳಿದವರು ತಲೆ ಆಡಿಸಿ, ಅದೆಂತದ್ದು ಎಂದು ಆಮೇಲೆ ಬೇರೆಯವರಲ್ಲಿ ವಿಚಾರಿಸುತ್ತಿದ್ದರು. ಬಜಗೋಳಿಯಲ್ಲಿ ನಿದ್ದೆಯಲ್ಲಿ ನಡೆಯುವವನಿದ್ದಾನೆಂದರೆ ಅಲ್ಲಿಗೆ, ಉಡುಪಿಯಲ್ಲಿ ಫಿಟ್ಸ್ ಬಂದು ತನ್ನ ಹೆಸರನ್ನೇ ಮರೆತವನಿದ್ದಾನೆಂದರೆ ಅಲ್ಲಿಗೆ, ರಜೆ ಹಾಕಿ ಹೋಗುತ್ತಿದ್ದ.

೧೯೭೪ರಲ್ಲಿ ಅವನು ಆಲಿಸ್‌ಳನ್ನು ಮದುವೆಯಾದ. ಅವಳು ನರ್ಸು. ಎರಡು ವರ್ಷ ಕಳೆದ ಮೇಲೆ ಒಂದು ದಿನ ಊಟಕ್ಕೆ ಕೂತಾಗ ಅವಳು ತನ್ನ ವಾರ್ಡಿನ ಒಬ್ಬ ಹೆಂಗಸಿನ ಸುದ್ದಿ ಹೇಳಿದಳು. ಹೆಸರು ಸುಭಾಷಿಣಿ, ಕಾರ್ಕಳದವರು. ಮೆದುಳು ಜ್ವರ ಬಂದು ತಿಂಗಳುಗಟ್ಟಲೆ ಪ್ರಜ್ಞೆ ಇರಲಿಲ್ಲ. ಈಗ ಕಣ್ಣು ತೆರೆದಿದ್ದಾರೆ. ಹಗಲು ಕಣ್ಣು ತೆರೆಯುತ್ತಾರೆ, ರಾತ್ರಿ ಮುಚ್ಚುತ್ತಾರೆ, ಚಮಚದಲ್ಲಿ ಗಂಜಿ ಕೊಟ್ಟರೆ ನುಂಗುತ್ತಾರೆ. ಅಷ್ಟೇ. ಕರೆದರೆ ಕೇಳುವುದಿಲ್ಲ, ಎದುರು ನಿಂತರೆ ನೋಡುವುದಿಲ್ಲ.

"ಕಣ್ಣು ತೆರೆದಿದ್ದಾರೆ ಅಂತ ಗಂಡನಿಗೆ ಸಂತೋಷ," ಎಂದಳು ಆಲಿಸ್. "ನನಗೆ ಅವರ ಮುಖ ನೋಡ್ಲಿಕ್ಕೆ ಆಗುವುದಿಲ್ಲ."

ಸ್ಟ್ಯಾನಿ ಊಟ ಬಿಟ್ಟು ಎದ್ದ. ಆ ಸುದ್ದಿ ಹೇಳಬಾರದಿತ್ತು ಎಂದು ಆಲಿಸ್ ಆಮೇಲೆ ಎಷ್ಟೋ ಸಲ ಅಂದುಕೊಂಡಳು.

ಸುಭಾಷಿಣಿಯ ಗಂಡ ಅನಂತಪದ್ಮನಾಭ ಕಾರ್ಕಳದ ಹೈಸ್ಕೂಲಿನಲ್ಲಿ ಗಣಿತದ ಮಾಷ್ಟ್ರು. ಆನೆಕೆರೆಯ ಸಮೀಪ ಹೆಂಚಿನ ಮನೆ. ಮೂಕಾಂಬಿಕಾ ಎಂಬ ಮೂರು ವರ್ಷದ ಮಗಳು. ಮನೆ ನೋಡಿಕೊಳ್ಳಲು ಮಾಷ್ಟ್ರ ಅಕ್ಕ ಮನೋರಮಾ ಮುಂಬಯಿಯಿಂದ, ತನ್ನ ಗಂಡ ಮಕ್ಕಳನ್ನು ಅಲ್ಲಿ ಬಿಟ್ಟು ಬಂದಿದ್ದರು. ಇನ್ನು ಆಸ್ಪತ್ರೆಯಲ್ಲಿ ಇಟ್ಟು ಪ್ರಯೋಜನವಿಲ್ಲ ಎಂದು ಸುಭಾಷಿಣಿಯನ್ನು ಮನೆಗೆ ಕಳುಹಿಸಿದ ಮೇಲೆ ಸ್ಟ್ಯಾನಿ ಅಲ್ಲಿಗೆ ಹೋಗಿ, ಹಿಂಜರಿಯುತ್ತಲೇ ಚಿತ್ರ ತೆಗೆಯಲು ಅನುಮತಿ ಕೇಳಿದ.

"ಬನ್ನಿ," ಎಂದರು ಮಾಷ್ಟ್ರು. "ಯಾರಾದರೂ ಅವಳನ್ನು ನೋಡ್ಲಿಕ್ಕೆ ಬರಬೇಕು. ನೆಂಟರೆಲ್ಲ ಬಾಗಿಲಲ್ಲೇ ನಿಂತು ಹೋಗ್ತಾರೆ."

ಆಮೇಲೆ ತಿಂಗಳಿಗೊಮ್ಮೆ, ಕೆಲವೊಮ್ಮೆ ಎರಡು ಸಲ, ಸ್ಟ್ಯಾನಿ ಕ್ಯಾಮರಾದ ಪೆಟ್ಟಿಗೆಯನ್ನು ತೊಡೆಯ ಮೇಲಿಟ್ಟುಕೊಂಡು ಕಾರ್ಕಳದ ಬಸ್ಸು ಹಿಡಿಯುವುದು ರೂಢಿಯಾಯಿತು. ಡಾಕ್ಟರ್ ವಿಷ್ಣುಮೂರ್ತಿ ಮೊದಲೇ ಎಚ್ಚರಿಸಿದ್ದರು: "ಕಣ್ಣು ತೆರೆದಿದೆ ಅಂದ ಮಾತ್ರಕ್ಕೆ ಒಳಗಿನಿಂದ ಯಾರೋ ನೋಡ್ತಾ ಇದ್ದಾರೆ ಅಂತ ಅರ್ಥ ಅಲ್ಲ. ಇಲ್ಲ ಅಂತಲೂ ನಾನು ಹೇಳುವುದಿಲ್ಲ. ನನಗೆ ಗೊತ್ತಿಲ್ಲ." ನಮ್ಮ ಕಣ್ಣು ದಣಿಯುತ್ತದೆ, ಕ್ಯಾಮರಾ ದಣಿಯುವುದಿಲ್ಲ, ಆದ್ದರಿಂದ ಡಾಕ್ಟರಿಗೆ ಕಾಣದ್ದು ಕ್ಯಾಮರಾಕ್ಕೆ ಕಾಣಬಹುದು ಎಂದು ಸ್ಟ್ಯಾನಿ ನಂಬಿದ್ದ.

ಅದು ಕೀಲಿ ಕೊಡುವ ಕ್ಯಾಮರಾ. ಒಮ್ಮೆ ಕೀಲಿ ಕೊಟ್ಟರೆ ಅರ್ಧ ನಿಮಿಷ ಓಡುತ್ತಿತ್ತು. ಅದಕ್ಕೆ ಶಬ್ದ ಹಿಡಿಯಲು ಬರುತ್ತಿರಲಿಲ್ಲ. ಮಾತಿಗೆಂದು ಬ್ಯಾಟರಿಯ ಟೇಪ್ ರೆಕಾರ್ಡರನ್ನು ಕೋಣೆಯ ಮೂಲೆಯಲ್ಲಿ ಬೇರೆಯಾಗಿ ಓಡಿಸುತ್ತಿದ್ದ. ಮಾಷ್ಟ್ರು ಮಂಚದ ಪಕ್ಕ ಕೂತು ಹೆಂಡತಿಯ ಮಣಿಕಟ್ಟನ್ನು ಮೆಲ್ಲಗೆ ತಟ್ಟಿ, "ಸುಭಾ, ಸುಭಾ" ಎಂದು ಕರೆಯುತ್ತಿದ್ದರು. ಶಾಲೆಯಲ್ಲಿ ನಡೆದದ್ದನ್ನು ಹೇಳುತ್ತಿದ್ದರು. ಸುಭಾಷಿಣಿ ಮೇಲೆ ಹೆಂಚಿನ ಮಾಡಿನ ಕಡೆ ಕಣ್ಣಿಟ್ಟು ಮಲಗಿರುತ್ತಿದ್ದರು. ತೆಗೆದ ರೀಲು ತೊಳೆಯಲು ಮುಂಬಯಿಯ ಲ್ಯಾಬಿಗೆ ಹೋಗಿ ವಾರಗಳ ಮೇಲೆ ತಿರುಗಿ ಬರುತ್ತಿತ್ತು. ಬಂದ ಪ್ರತಿ ರೀಲಿನಲ್ಲೂ ಅದೇ ಮಾಡು ನೋಡುವ ಕಣ್ಣು.

ಹೀಗೆ ಮೂರು ವರ್ಷ ಕಳೆಯಿತು. ಮನೋರಮಾ ಇನ್ನು ಎಷ್ಟು ದಿನ ಇರಲು ಸಾಧ್ಯ? ಅವರು ತಮ್ಮನನ್ನು ಕೂರಿಸಿ ಮಾತಾಡಿದರು. ಗುಣವಾಗದ ರೋಗಿಗಳನ್ನು ಕಾನ್ವೆಂಟಿನ ಸಿಸ್ಟರುಗಳು ನೋಡಿಕೊಳ್ಳುವ ಒಂದು ಆಶ್ರಮವಿತ್ತು. ಸುಭಾಷಿಣಿಯನ್ನು ಅಲ್ಲಿ ಬಿಟ್ಟರೆ ಮಾಷ್ಟ್ರು ವಾರವಾರ ಹೋಗಿ ನೋಡಿ ಬರಬಹುದು. ಮೂಕಾಂಬಿಕಾ ಅಪ್ಪನ ಜೊತೆ ಇದ್ದು ಶಾಲೆಗೆ ಹೋಗಬಹುದು. ಮಾಷ್ಟ್ರು ಬಹಳ ದಿನ ಮುಂದೂಡಿದರು. ಕೊನೆಗೆ ಒಪ್ಪಿದರು. ಕರೆದುಕೊಂಡು ಹೋಗುವ ದಿನವೂ ಗೊತ್ತಾಯಿತು.

ಆ ವಾರವೇ ಮುಂಬಯಿಯಿಂದ ಹೊಸ ರೀಲು ಬಂತು. ಸ್ಟ್ಯಾನಿ ಅದನ್ನು ಓಡಿಸಿ ನೋಡುತ್ತಿದ್ದವನು ಕುರ್ಚಿಯಿಂದ ಎದ್ದು ನಿಂತ. ಮಾಡು ನೋಡುತ್ತಿದ್ದ ಸುಭಾಷಿಣಿಯ ಕಣ್ಣು ಒಮ್ಮೆ ಎಡಕ್ಕೆ ತಿರುಗಿ, ಒಂದು ಗಳಿಗೆ ನಿಂತು, ಹಿಂದೆ ಬಂತು. ಅವನು ಟೇಪು ಹಚ್ಚಿ, ಮಾಷ್ಟ್ರು "ಸುಭಾ" ಎಂದು ಕರೆಯುವ ಜಾಗ ಹುಡುಕಿ, ಅದನ್ನೂ ಚಿತ್ರವನ್ನೂ ಜೋಡಿಸಿದ. ಕರೆದರು, ಕಣ್ಣು ತಿರುಗಿತು.

ಮರುದಿನವೇ ಪ್ರೊಜೆಕ್ಟರನ್ನೂ ಟೇಪ್ ರೆಕಾರ್ಡರನ್ನೂ ಹೊತ್ತುಕೊಂಡು ಕಾರ್ಕಳಕ್ಕೆ ಹೋದ. ಚಾವಡಿಯ ಕಿಟಕಿ ಮುಚ್ಚಿ, ಮಾಷ್ಟ್ರ ಬಿಳಿ ವೇಷ್ಟಿಯನ್ನು ಗೋಡೆಗೆ ಕಟ್ಟಿ ತೋರಿಸಿದ. ಮಾಷ್ಟ್ರು ಗೋಡೆಯ ಹತ್ತಿರಕ್ಕೆ ಸರಿದು ಕೂತರು. "ಇನ್ನೊಮ್ಮೆ," ಎಂದರು. ಅದಾದ ಮೇಲೆ ಮತ್ತೊಮ್ಮೆ. ಪ್ರೊಜೆಕ್ಟರಿನ ದೀಪ ಕಾದು ವಾಸನೆ ಬರುವವರೆಗೆ ನೋಡಿದರು. ಆಮೇಲೆ ಒಳಗೆ ಹೋಗಿ ಮಂಚದ ಪಕ್ಕ ನೆಲದ ಮೇಲೆ ಕೂತು ಜೋರಾಗಿ ಅತ್ತರು.

"ಅವಳಿಗೆ ಕೇಳಿಸಿತ್ತು ಅಕ್ಕಾ. ಇಷ್ಟು ವರ್ಷ ಕೇಳಿಸ್ತಾ ಇತ್ತು. ನಾನು ಅವಳನ್ನು ಬಿಟ್ಟು ಬರ್ಲಿಕ್ಕೆ ಹೊರಟಿದ್ದೆ."

ಮನೋರಮಾ ಗೋಡೆಯ ವೇಷ್ಟಿಯನ್ನು ಬಿಚ್ಚಿ ಮಡಚುತ್ತಾ ಸ್ಟ್ಯಾನಿಯ ಕಡೆ ತಿರುಗಿದರು. "ಈ ಬಟ್ಟೆಯ ಮೇಲೆ ಕಂಡದ್ದು ಆ ಮಂಚದ ಮೇಲೆ ನಮಗೆ ಯಾಕೆ ಒಂದು ಸಲವೂ ಕಾಣಲಿಲ್ಲ?"

ಸ್ಟ್ಯಾನಿ ಅವರಿಗೆ ಕ್ಯಾಮರಾದ ವಿಷಯ ವಿವರಿಸಿದ. ಅವರು ಕೇಳಿಸಿಕೊಳ್ಳದೆ ಅಡುಗೆಮನೆಗೆ ಹೋದರು.

ಆಶ್ರಮದ ಮಾತು ಅಲ್ಲಿಗೆ ನಿಂತಿತು. ಹಗಲಿಡೀ ಹೆಂಡತಿಯ ಹತ್ತಿರ ಇರಬೇಕೆಂದು ಮಾಷ್ಟ್ರು ಶಾಲೆಯ ಕೆಲಸ ಬಿಟ್ಟರು; ಜಗಲಿಯಲ್ಲಿ ಟ್ಯೂಷನ್ ಶುರು ಮಾಡಿದರು. ಮಗಳ ತಲೆ ಬಾಚಲು, ಶಾಲೆಗೆ ಕಳುಹಿಸಲು ಅವರಿಗೆ ಹೊತ್ತು ಸಿಗಲಿಲ್ಲ. ಸಿಕ್ಕಿದ ಹೊತ್ತಿನಲ್ಲೂ ಅವರ ಕಿವಿ ಒಳಕೋಣೆಯ ಕಡೆಗೇ ಇರುತ್ತಿತ್ತು. ಮನೋರಮಾ ತಿಂಗಳೆರಡು ಕಾದು ನೋಡಿದರು.

"ಮಗುವನ್ನು ನಾನು ಕರೆದುಕೊಂಡು ಹೋಗ್ತೇನೆ ಅನಂತ. ಇಲ್ಲಿ ಅವಳನ್ನು ನೋಡುವವರು ಯಾರೂ ಇಲ್ಲ."

"ಸ್ವಲ್ಪ ಸಮಯಕ್ಕೆ ಮಾತ್ರ ಅಕ್ಕಾ. ಸುಭಾ ಎದ್ದ ಕೂಡಲೇ ನಾವಿಬ್ಬರೂ ಬಂದು ಕರೆತರ್ತೇವೆ."

ಹೊರಡುವ ದಿನ ಸ್ಟ್ಯಾನಿ ಅಲ್ಲೇ ಇದ್ದ. ಮೂಕಾಂಬಿಕಾ ತಾಯಿಯ ಮಂಚದ ಕೆಳಗೆ ಹೋಗಿ ಕೂತಳು. ಎಳೆದರೂ ಬರಲಿಲ್ಲ. ಕೊನೆಗೆ ಮಾಷ್ಟ್ರೇ ಬಗ್ಗಿ, "ಅಮ್ಮನಿಗೆ ನಿದ್ರೆಗೆ ತೊಂದರೆ ಆಗ್ತದೆ ಮಗಾ, ಹೊರಗೆ ಬಾ" ಎಂದರು. ತೊಂದರೆ ಎಂದ ಕೂಡಲೇ ಆ ಮಗು ತಾನಾಗಿಯೇ ಹೊರಗೆ ಬಂತು. ಕ್ಯಾಮರಾ ಪೆಟ್ಟಿಗೆಯಲ್ಲೇ ಇತ್ತು. ಸ್ಟ್ಯಾನಿ ಅದನ್ನು ತೆರೆಯಲಿಲ್ಲ.

ಮಣಿಪಾಲಕ್ಕೆ ಬಂದು ಅವನು ಎಲ್ಲ ರೀಲುಗಳನ್ನು ಸೇರಿಸಿ ದೊಡ್ಡ ಚಿತ್ರ ಕಟ್ಟಲು ಕೂತ. ಕಣ್ಣು ತಿರುಗಿದ ತುಣುಕನ್ನು ಹೆಮ್ಮೆಯಿಂದ ಡಾಕ್ಟರ್ ವಿಷ್ಣುಮೂರ್ತಿಗೆ ತೋರಿಸಿದ. ಅವರು ನೋಡಿ ಒಂದೇ ಪ್ರಶ್ನೆ ಕೇಳಿದರು.

"ಮೊದಲು ಕರೆದದ್ದಾ, ಮೊದಲು ಕಣ್ಣು ತಿರುಗಿದ್ದಾ?"

"ಕರೆದದ್ದು ಮೊದಲು. ಕೇಳಿಸ್ತದಲ್ಲ?"

"ಚಿತ್ರ ಬೇರೆ, ಟೇಪು ಬೇರೆ ಅಂತ ನೀವೇ ಹೇಳಿದ್ದು. ಎರಡನ್ನೂ ಯಾವ ಆಧಾರದ ಮೇಲೆ ಜೋಡಿಸಿದ್ರಿ?"

"ಕಣ್ಣು ತಿರುಗಿದ ಜಾಗ ನೋಡಿ..." ಎಂದ ಸ್ಟ್ಯಾನಿ. ಅರ್ಧಕ್ಕೇ ನಿಲ್ಲಿಸಿದ.

ಡಾಕ್ಟರು ಹೋದ ಮೇಲೆ ಸ್ಟ್ಯಾನಿ ಆ ತುಣುಕನ್ನು ಒಂದೊಂದೇ ಫ್ರೇಮಾಗಿ ಎಳೆದು ಭೂತಗನ್ನಡಿಯಲ್ಲಿ ನೋಡಿದ. ಸುಭಾಷಿಣಿಯ ಮುಖದ ಕೆಳಗೆ, ಚಿತ್ರದ ಅಂಚಿನಲ್ಲಿ ಮಾಷ್ಟ್ರ ಕೈ ಕಾಣುತ್ತಿತ್ತು. ಕರೆಯುವಾಗೆಲ್ಲ ಮಣಿಕಟ್ಟು ತಟ್ಟುವ ಕೈ. ಕಣ್ಣು ಎಡಕ್ಕೆ ತಿರುಗುವಾಗ ಆ ಕೈ ಸುಮ್ಮನೆ ಹಾಸಿಗೆಯ ಮೇಲಿತ್ತು. ಕಣ್ಣು ತಿರುಗಿ ಮಾಡಿಗೆ ಹಿಂದೆ ಬಂದು ನಿಂತ ಮೇಲೆ ಕೈ ಎದ್ದು ತಟ್ಟಿತು. ಮಾಷ್ಟ್ರು ಕರೆದದ್ದು ಆಗ.

ಆಫೀಸಿನ ಬಾಗಿಲು ಹಾಕುವವನು ಬಂದು ಎರಡು ಸಲ ಕರೆದ ಮೇಲೆ ಸ್ಟ್ಯಾನಿ ಎದ್ದು ಮನೆಗೆ ಹೋದ. ಆಲಿಸ್‌ಗೆ ಎಲ್ಲ ಹೇಳಿದ.

"ಅವರಿಗೆ ಹೋಗಿ ಹೇಳಬೇಕು," ಎಂದಳು ಅವಳು.

"ಹೇಳಿದರೆ ಮಾಷ್ಟ್ರು ಸತ್ತೇ ಹೋಗ್ತಾರೆ."

"ಹೇಳದಿದ್ದರೆ ಆ ಮಗು ಬೊಂಬಾಯಿಯಲ್ಲೇ ಉಳೀತದೆ ಸ್ಟ್ಯಾನಿ."

ಆದರೂ ಅವನು ತಡಮಾಡಿದ. ಒಂದು ಮಳೆಗಾಲವೇ ಹೋಯಿತು. ಕೊನೆಗೆ ಒಂದು ದಿನ ಕ್ಯಾಮರಾ ಇಲ್ಲದೆ ಕಾರ್ಕಳಕ್ಕೆ ಹೋದ. ಮಾಷ್ಟ್ರು ಹೆಂಡತಿಗೆ ಗಂಜಿ ಕುಡಿಸುತ್ತಿದ್ದರು. ಸ್ಟ್ಯಾನಿ ಮಂಚದ ಬುಡದಲ್ಲಿ ನಿಂತು, ತಾನು ತಪ್ಪಾಗಿ ಜೋಡಿಸಿದ್ದನ್ನು, ಕೈ ಆಮೇಲೆ ಎದ್ದದ್ದನ್ನು ವಿವರವಾಗಿ ಹೇಳಿದ. ಮಾಷ್ಟ್ರು ಚಮಚ ನಿಲ್ಲಿಸಲಿಲ್ಲ. ಹೆಂಡತಿಯ ಬಾಯಿ ಒರೆಸಿದ ಮೇಲೆ ಕೇಳಿದರು.

"ಕೈ ತಟ್ಟುವ ಮೊದಲು ನಾನು ಬಾಯಲ್ಲಿ ಕರೆದಿರಬಹುದು, ಅಲ್ವಾ?"

"ಹಾಗೆ..."

"ಕರೆಯಲಿಲ್ಲ ಅಂತ ನಿಮಗೆ ಖಂಡಿತ ಗೊತ್ತುಂಟಾ?"

ಗೊತ್ತಿರಲಿಲ್ಲ. ಟೇಪಿನಿಂದ ಅದು ಗೊತ್ತಾಗುವಂತೆಯೂ ಇರಲಿಲ್ಲ. "ಕರೆದಿರಬಹುದು," ಎಂದ ಸ್ಟ್ಯಾನಿ.

"ಅಷ್ಟು ಸಾಕು." ಮಾಷ್ಟ್ರು ಬಟ್ಟಲು ತೆಗೆದುಕೊಂಡು ಎದ್ದರು. "ನೀವು ಒಮ್ಮೆ ಅವಳು ಇದ್ದಾಳೆ ಅಂತ ತೋರಿಸಿದಿರಿ. ಈಗ ಇಲ್ಲ ಅಂತ ಹೇಳಿದರೆ ನಾನು ಎಂತ ಮಾಡಬೇಕು? ನನಗೆ ಇನ್ನು ಅದು ಆಗುವುದಿಲ್ಲ."

ಮಕ್ಕಳ ಲೆಕ್ಕದಲ್ಲಿ ಒಂದು ಹೆಜ್ಜೆ ತಪ್ಪಿದರೂ ಪೂರಾ ಅಳಿಸಿ ಮತ್ತೆ ಮಾಡಿಸುತ್ತಿದ್ದ ಮನುಷ್ಯ ಅವರು.

ಮರುವರ್ಷದ ಬೇಸಗೆ ರಜೆಯಲ್ಲಿ ಮನೋರಮಾ ಮೂಕಾಂಬಿಕಾಳನ್ನು ಕರೆದುಕೊಂಡು ಬಂದರು. ಮಗು ಅಪ್ಪನ ಹತ್ತಿರ ನಾಚಿಕೊಂಡು ನಿಂತಿತು. ಬಾಯಾರಿಕೆಯಾದಾಗ "ಅಮ್ಮಾ, ನೀರು" ಎಂದು ಮನೋರಮಾರನ್ನು ಕರೆಯಿತು. ಒಳಗಿದ್ದ ಮಾಷ್ಟ್ರಿಗೆ ಅದು ಕೇಳಿಸಿತು. ಅವರು ಹೊರಗೆ ಬರಲಿಲ್ಲ.

ಸ್ಟ್ಯಾನಿಯ ಮನೆಯೂ ಉಳಿಯಲಿಲ್ಲ. ಅವರಿಗೆ ಮಕ್ಕಳಾಗಿರಲಿಲ್ಲ. ೧೯೮೧ರಲ್ಲಿ ಆಲಿಸ್‌ಗೆ ಬಹ್ರೇನಿನ ಒಂದು ಆಸ್ಪತ್ರೆಯಲ್ಲಿ ಕೆಲಸ ಸಿಕ್ಕಿತು. ಜಗಳವಾಡಿ ಹೋದದ್ದಲ್ಲ. ಸೂಟ್‌ಕೇಸಿಗೆ ಬಟ್ಟೆ ತುಂಬುತ್ತಾ, "ನಾನು ಮನೆಯಲ್ಲಿ ಇಲ್ಲ ಅಂತ ನಿನಗೆ ಊಟದ ಹೊತ್ತಿಗೆ ಮಾತ್ರ ಗೊತ್ತಾದೀತು" ಎಂದಳು. ಅವಳು ಹೇಳಿದ್ದು ನಿಜವೇ ಆಗಿತ್ತು.

ಮರುವರ್ಷ ಚಿತ್ರ ಮುಗಿಯಿತು. ಕಣ್ಣು ತಿರುಗಿದ ತುಣುಕನ್ನು ಅವನು ಕತ್ತರಿಸಿ ಬೇರೆ ಡಬ್ಬಿಯಲ್ಲಿಟ್ಟಿದ್ದ. ಅದು ಹೋದ ಮೇಲೆ ಉಳಿದದ್ದು ಮಲಗಿದ ಒಬ್ಬ ಹೆಂಗಸು, ಕರೆಯುತ್ತಿರುವ ಒಬ್ಬ ಗಂಡಸು, ಅಷ್ಟೇ. ಕಳುಹಿಸಿದ ಕಡೆಗಳಿಂದೆಲ್ಲ ಚಿತ್ರ ಹಿಂದೆ ಬಂತು. ಉಡುಪಿಯಲ್ಲಿ ಕೆಲವು ಆಸಕ್ತರು ಸೇರಿ ಒಂದು ಪ್ರದರ್ಶನ ಏರ್ಪಡಿಸಿದರು. ಮುಗಿಯುವ ಹೊತ್ತಿಗೆ ಮುಂದಿನ ಎರಡು ಸಾಲಿನಲ್ಲಿ ಮಾತ್ರ ಜನ ಉಳಿದಿದ್ದರು. ಅವರಲ್ಲಿ ಬ್ಯಾಂಕಿನ ನೌಕರ ಲೀಲಾಧರ ಎಂಬವನು ಎದ್ದು ವಿನಯದಿಂದಲೇ ಕೇಳಿದ.

"ಕೊನೆಗೆ ಆ ಅಮ್ಮನಿಗೆ ಪ್ರಜ್ಞೆ ಉಂಟಾ, ಇಲ್ವಾ?"

"ನನಗೆ ಗೊತ್ತಿಲ್ಲ."

"ಮತ್ತೆ ಇಷ್ಟು ವರ್ಷ ತೆಗೆದದ್ದು ಎಂತಕ್ಕೆ?"

ಅವನು ತಮಾಷೆಗೆ ಕೇಳಿದ್ದಲ್ಲ. ಸ್ಟ್ಯಾನಿ ಪ್ರೊಜೆಕ್ಟರಿನಿಂದ ರೀಲು ಬಿಚ್ಚತೊಡಗಿದ. ಜನ ಸ್ವಲ್ಪ ಹೊತ್ತು ಕಾದು, ಕುರ್ಚಿ ಸರಿಸಿ ಎದ್ದು ಹೋದರು.

ಸುಭಾಷಿಣಿ ತೀರಿಕೊಂಡದ್ದು ೧೯೮೪ರಲ್ಲಿ. ಎದೆಯಲ್ಲಿ ಕಫ ಕಟ್ಟಿ ನಾಲ್ಕೈದು ದಿನ ನರಳಿದರಂತೆ. ಉತ್ತರಕ್ರಿಯೆಯ ಬೊಜ್ಜಕ್ಕೆ ಮನೋರಮಾ ಮತ್ತು ಮೂಕಾಂಬಿಕಾ ಬಂದಿದ್ದರು. ಹುಡುಗಿಗೆ ಆಗ ಹನ್ನೊಂದು ವರ್ಷ. ಕಾರ್ಯಗಳೆಲ್ಲ ಮುಗಿದ ಮೇಲೆ ಮಾಷ್ಟ್ರು ಸ್ಟ್ಯಾನಿಗೆ ಹೇಳಿ ಕಳುಹಿಸಿದರು: ಆ ತುಣುಕನ್ನು ಮಗಳಿಗೆ ತೋರಿಸಬೇಕು.

ಸ್ಟ್ಯಾನಿ ಪ್ರೊಜೆಕ್ಟರ್ ತಂದ, ಟೇಪು ತರಲಿಲ್ಲ. ಮತ್ತೆ ಅದೇ ಚಾವಡಿ. ಶಬ್ದವಿಲ್ಲದೆ ಸುಭಾಷಿಣಿಯ ಕಣ್ಣು ಎಡಕ್ಕೆ ತಿರುಗಿತು, ನಿಂತಿತು, ಹಿಂದೆ ಬಂತು. ಹುಡುಗಿ ಕದಲದೆ ನೋಡಿದಳು.

"ಅಮ್ಮ ಯಾರನ್ನು ನೋಡಿದ್ದು?"

"ನನ್ನನ್ನು," ಎಂದರು ಮಾಷ್ಟ್ರು.

"ನೀವು ಈ ಬದಿಯಲ್ಲಿ ಇದ್ದೀರಲ್ಲ? ಕೈ ಕಾಣ್ತದೆ. ಅಮ್ಮ ಆಚೆ ನೋಡಿದ್ದು."

ಹುಡುಗಿ ಸ್ಟ್ಯಾನಿಯ ಕಡೆ ತಿರುಗಿದಳು. "ಆಚೆ ಎಂತ ಇತ್ತು ಅಂಕಲ್?"

"ಬಾಗಿಲು," ಎಂದ ಸ್ಟ್ಯಾನಿ.

ಹೇಳಿದ ಮೇಲೆ ಅವನಿಗೆ ನೆನಪಾಯಿತು. ಆ ಬಾಗಿಲ ಹೊಸ್ತಿಲಲ್ಲಿ ಆ ದಿನಗಳಲ್ಲಿ ಮಗು ತೆಂಗಿನ ಚಿಪ್ಪಿನ ಗೆರಟೆ ಇಟ್ಟುಕೊಂಡು ಆಡುತ್ತಿತ್ತು. ಅವನು ಕ್ಯಾಮರಾದ ಹಿಂದೆ ನಿಂತಾಗ ಎಷ್ಟೋ ಸಲ ಆ ಮಗುವಿನ ಕಾಲು ಅವನಿಗೆ ತಾಗಿದ್ದುಂಟು. ಮಾಷ್ಟ್ರಿಗಾಗಲಿ ಡಾಕ್ಟರಿಗಾಗಲಿ ತನಗಾಗಲಿ ಅದು ಹೊಳೆದಿರಲಿಲ್ಲ. ಕಣ್ಣು ತಿರುಗಿತೇ ಇಲ್ಲವೇ ಎಂದು ಎಲ್ಲರೂ ನೋಡಿದ್ದರು, ಎತ್ತ ತಿರುಗಿತು ಎಂದು ಯಾರೂ ನೋಡಿರಲಿಲ್ಲ.

ಅಮ್ಮ ನೋಡಿದ್ದು ನಿನ್ನನ್ನೇ ಇರಬಹುದು ಎಂದು ಅವನ ಬಾಯಿಗೆ ಬಂತು. ಆದರೆ ಇದೇ ಚಾವಡಿಯಲ್ಲಿ, ಇದೇ ತುಣುಕು ತೋರಿಸಿ ಅವನು ಒಮ್ಮೆ ಒಬ್ಬರಿಗೆ ಹೇಳಿ ಆಗಿತ್ತು. ಅದರಿಂದ ಏನಾಯಿತೆಂಬುದು ಅವನ ಎದುರಿಗೇ ಲಂಗ ಸರಿಮಾಡಿಕೊಳ್ಳುತ್ತಾ ಕೂತಿತ್ತು. ಅವನು ಪ್ರೊಜೆಕ್ಟರ್ ಆರಿಸಿದ. ಮೂಕಾಂಬಿಕಾ ಎದ್ದು ಮನೋರಮಾರ ಹತ್ತಿರ ಹೋಗಿ, ಹಿಂದಿಯಲ್ಲಿ ಏನೋ ಹೇಳಿದಳು. ಮೂರು ದಿನ ಕಳೆದು ಅವರು ಮುಂಬಯಿಗೆ ಹೋದರು. ಮಾಷ್ಟ್ರು ಜೊತೆಗೆ ಹೋಗಲಿಲ್ಲ. ಯಾರೂ ಅವರನ್ನು ಕರೆಯಲೂ ಇಲ್ಲ.

ಮನೆಗೆ ಬಂದು ಸ್ಟ್ಯಾನಿ ಹಳೆಯ ಟೇಪು ಹಾಕಿ ಕೇಳಿದ. ಮಾಷ್ಟ್ರ ದನಿ, ನಡುವೆ ದೂರದ ಬಸ್ಸಿನ ಹಾರ್ನು. ಅವುಗಳ ಹಿಂದೆ ಟೇಪಿನ ಉದ್ದಕ್ಕೂ ಮಗುವಿನ ಗುನುಗು, ಗೆರಟೆಯ ಟಕಟಕ, ಒಮ್ಮೊಮ್ಮೆ "ಅಮ್ಮ" ಎಂಬ ಕೂಗು. ಅಷ್ಟು ವರ್ಷ ಅದನ್ನು ಗಲಾಟೆ ಎಂದುಕೊಂಡು ಮಾಷ್ಟ್ರ ಮಾತಿಗೆ ಮಾತ್ರ ಕಿವಿಗೊಟ್ಟಿದ್ದ. ಅವುಗಳಲ್ಲಿ ಯಾವ ಕೂಗಿಗೆ ಕಣ್ಣು ತಿರುಗಿತ್ತೋ, ಅಥವಾ ಯಾವುದಕ್ಕೂ ಅಲ್ಲದೆ ಸುಮ್ಮನೆ ತಿರುಗಿತ್ತೋ, ತಿಳಿಯುವ ದಾರಿ ಇರಲಿಲ್ಲ.

ಆಮೇಲೆ ಅವನು ಚಿತ್ರ ಮಾಡಲಿಲ್ಲ. ಆಸ್ಪತ್ರೆಗೆ ವಿಡಿಯೊ ಬಂದ ಮೇಲೆ ಹಳೆಯ ಕ್ಯಾಮರಾ ಗೋಡೌನಿಗೆ ಹೋಯಿತು. ಮನೆಯಲ್ಲಿದ್ದ ರೀಲುಗಳು ಕಡಲ ಗಾಳಿಯ ತೇವಕ್ಕೆ ಹುಳಿ ವಾಸನೆ ಹಿಡಿದು ಒಂದಕ್ಕೊಂದು ಅಂಟಿದವು. ಅವನು ಅವನ್ನು ಬಿಡಿಸಲು ಹೋಗಲಿಲ್ಲ. ಭಾನುವಾರಗಳಲ್ಲಿ ಮದುವೆಯ ವಿಡಿಯೊ ತೆಗೆಯುತ್ತಿದ್ದ. ಕೆಲಸ ಅಚ್ಚುಕಟ್ಟು ಎಂದು ಹೆಸರಿತ್ತು. ಕರೆಯುವವರು ಬಹಳ ಇದ್ದರು.

೧೯೮೮ರಲ್ಲಿ ಆಲಿಸ್ ರಜೆಗೆ ಬಂದಾಗ ಅವನು ಬಾಗಿಲಿನ ವಿಷಯ ಅವಳಿಗೆ ಹೇಳಿದ. ಬೇರೆ ಯಾರಿಗೂ ಹೇಳಿರಲಿಲ್ಲ. ಅವಳು ಇಸ್ತ್ರಿ ಮಾಡುತ್ತಿದ್ದ ಅಂಗಿಯ ಮೇಲೆ ಕೈ ಇಟ್ಟುಕೊಂಡು ಪೂರಾ ಕೇಳಿದಳು.

"ಆ ಹುಡುಗಿಗೆ ಹೇಳ್ಬೇಕಿತ್ತು ಸ್ಟ್ಯಾನಿ."

"ನಿಜವೋ ಅಲ್ಲವೋ ನನಗೆ ಗೊತ್ತಿಲ್ಲವಲ್ಲ."

"ಗೊತ್ತಿಲ್ಲ ಅಂತಲೇ ಹೇಳಬಹುದಿತ್ತು."

"ಈಗ ಅವಳು ಎಲ್ಲಿದ್ದಾಳೋ. ಮನೋರಮಾ ಅವರು ಮನೆ ಬದಲಾಯಿಸಿದರಂತೆ. ಮಾಷ್ಟ್ರಿಗೂ ಗೊತ್ತಿಲ್ಲ."

ಆಲಿಸ್ ಅಂಗಿ ಮಡಚಿ ಅವನ ಕೈಗೆ ಕೊಟ್ಟಳು. ಮರುದಿನ ಬೆಳಿಗ್ಗೆ ಉಡುಪಿಯ ಒಂದು ಮದುವೆಯ ವಿಡಿಯೊಕ್ಕೆ ಅವನು ಒಪ್ಪಿಕೊಂಡಿದ್ದ. ಅವಳ ರಜೆ ಮುಗಿಯಲು ಇನ್ನೊಂದು ವಾರ ಮಾತ್ರ ಉಳಿದಿತ್ತು.